ಬಸವಯ್ಯನವರು ಆಡಿದ ಒಂದೇ ಮಾತು

ಹೆಮ್ಮರಗಾಲದ ಬಸವಯ್ಯನವರು ಇಪ್ಪತ್ತೆರಡು ವರ್ಷಗಳಲ್ಲಿ ಮೂವತ್ತೊಂದು ಸಿನಿಮಾ ಮಾಡಿದ್ದಾರೆ. ಒಂಬತ್ತರಲ್ಲಿ ಹೆಣ. ಮಿಕ್ಕವುಗಳಲ್ಲಿ ಪಂಚಾಯಿತಿ ಕಟ್ಟೆಯ ಮೇಲೆ, ಯಜಮಾನರ ಬೆನ್ನ ಹಿಂದೆ, ಎಡಗಡೆಯಿಂದ ನಾಲ್ಕನೆಯವರು. ಮನೆಬಾಗಿಲಿಗೆ ‘ಚಲನಚಿತ್ರ ಕಲಾವಿದರು’ ಎಂಬ ಬೋರ್ಡಿದೆ. ‘ಎಮ್ಮರಗಾಲದಿಂದ ಓಗಿ ಈರೋ ಪಕ್ಕ ನಿಂತೋನು ನಾನೊಬ್ನೇ’ ಎಂದು ಕೇಳದವರಿಗೂ ಹೇಳುತ್ತಾರೆ.

ತೊಂದರೆ ಇದ್ದದ್ದೇ ಅಲ್ಲಿ, ಅವರ ನಾಲಿಗೆಗೆ ಹಕಾರ ಹೊರಳದು. ಒಮ್ಮೆ ಒಬ್ಬ ನಿರ್ದೇಶಕ ದೊಡ್ಡ ಮನಸ್ಸು ಮಾಡಿ ‘ಹಾವು, ಹಾವು’ ಎಂಬ ಮಾತು ಕೊಟ್ಟ. ಬಸವಯ್ಯನವರು ಹದಿನೇಳು ಸಲ ‘ಆವು’ ಎಂದರು. ಹದಿನೆಂಟನೆಯ ಸಲಕ್ಕೆ ಹಾವಾಡಿಗನೇ ಬೇಸತ್ತು ಬುಟ್ಟಿ ಮುಚ್ಚಿಕೊಂಡು ಹೊರಟ. ಆಮೇಲೆ ಯಾರೂ ಅವರಿಗೆ ಮಾತು ಕೊಡುವ ಧೈರ್ಯ ಮಾಡಲಿಲ್ಲ. ಸಿನಿಮಾದಲ್ಲಿ ತಮ್ಮ ಗಂಟಲಿನಿಂದ ಒಂದೇ ಒಂದು ಮಾತು ಕೇಳಿಸಬೇಕೆಂಬ ಆಸೆ ಹಾಗೇ ಉಳಿಯಿತು.

‘ಎಣ ಆಗಕ್ಕೆ ಬಸ್ ಅತ್ಕಂಡ್ ಓಗ್ಬೇಕಾ? ಇಲ್ಲೇ ಜಗಲಿ ಮೇಲೆ ಮನೀಕಳಿ’ ಎನ್ನುತ್ತಿದ್ದರು ಹೆಂಡತಿ ಚನ್ನಾಜಮ್ಮ.

ಹೋದ ವರ್ಷ ತಲಕಾಡಿನ ಮರಳಿಗೆ ಕೊರಿಯಾದವರು ಶೂಟಿಂಗಿಗೆ ಬಂದರು. ಮರಳುದಿಬ್ಬದಿಂದ ಉರುಳಿ ಬಿದ್ದು ಸದ್ದಿಲ್ಲದೆ ಸಾಯುವ ವ್ಯಾಪಾರಿಯ ಪಾತ್ರ ಬಸವಯ್ಯನವರಿಗೆ ಸಿಕ್ಕಿತು. ಉರುಳಿದರು. ಮರಳಡಿಯ ಬೇರಿಗೆ ಸೊಂಟ ಬಡಿಯಿತು. ಒಂಬತ್ತು ಹೆಣಗಳ ಅನುಭವವೂ ಕೈಕೊಟ್ಟು ‘ಅಪ್ಪಾ’ ಎಂದು ನರಳಿಬಿಟ್ಟರು.

ಕೊರಿಯಾದ ನಿರ್ದೇಶಕ ಓಡಿ ಬಂದು ಅವರ ಎರಡೂ ಕೈ ಹಿಡಿದುಕೊಂಡ. ಶೂಟಿಂಗಿನ ಮ್ಯಾನೇಜರ್ ದೀಪಕ್ ವಿವರಿಸಿದ: ‘ಅವ್ರ ಭಾಷೇಲೂ ನೋವಾದ್ರೆ ಅಪಾ ಅಂತಾರಂತೆ, ಸಾರ್. ಇಷ್ಟು ಚೆನ್ನಾಗಿ ಕೊರಿಯನ್ ಎಲ್ಲಿ ಕಲಿತ್ರಿ ಅಂತ ಕೇಳ್ತಿದಾರೆ.’

‘ಕಲಿಯಾದೇನು ಬಂತಪ್ಪಾ. ಕಲೆ ಅನ್ನಾದು ತಾನಾಗೇ ಬತ್ತದೆ’ ಎಂದರು ಬಸವಯ್ಯನವರು, ಸೊಂಟ ನೀವಿಕೊಳ್ಳುತ್ತ.

ಮಾತು ಸಿನಿಮಾದಲ್ಲಿ ಉಳಿಯಿತು. ಆರು ತಿಂಗಳ ಮೇಲೆ ಆ ಸಿನಿಮಾ ಕನ್ನಡದಲ್ಲೇ ಮೊಬೈಲಿಗೆ ಬಂತು. ದಿನಾ ಕೊರಿಯಾದ ಸೀರಿಯಲ್ ನೋಡುವ ಮೊಮ್ಮಗಳು ಗಾನವಿ ಫೋನನ್ನು ಅಕ್ಕಿ ಅಳೆಯುವ ಸೇರಿಗೆ ಒರಗಿಸಿದಳು. ಅರ್ಧ ಬೀದಿ ಜಗಲಿಯಲ್ಲಿ ಕೂತಿತ್ತು. ಬಸವಯ್ಯನವರು ಉರುಳಿದರು. ಬಾಯಿ ತೆರೆದರು. ಆ ಬಾಯಿಂದ ಯಾವನೋ ಇಪ್ಪತ್ತೈದರ ಹುಡುಗ, ಶುದ್ಧ ಹಕಾರದಲ್ಲಿ, ‘ಹಾ, ಬಹಳ ನೋಯುತ್ತಿದೆ’ ಎಂದ.

‘ನಿಮ್ ಬಾಯೊಳಗೆ ಯಾರನ್ನ ಮಡಿಕಂಡಿದ್ದೀರಿ?’ ಎಂದರು ಚನ್ನಾಜಮ್ಮ.

‘ಕನ್ನಡಕ್ಕೆ ಡಬ್ ಮಾಡವ್ರೆ, ತಾತ’ ಎಂದಳು ಗಾನವಿ.

ಬಸವಯ್ಯನವರು ನಿಜವಾಗಿಯೂ ಹೆಣದ ಹಾಗೆ ಕೂತರು. ಗಾನವಿ ಸಿನಿಮಾ ಹಿಂದಕ್ಕೆಳೆದು, ಭಾಷೆಯನ್ನು ಕೊರಿಯನ್ನಿಗೆ ಬದಲಾಯಿಸಿದಳು. ಅವರು ಮತ್ತೆ ಉರುಳಿದರು. ‘ಅಪ್ಪಾ.’ ಅವರದೇ ಗಂಟಲು. ಚನ್ನಾಜಮ್ಮ ‘ಇನ್ನೊಂದ್ಸಲ ಆಕವ್ವ’ ಎಂದರು.

ಈಗ ಯಾರಾದರೂ ಆ ಸಿನಿಮಾ ನೋಡುತ್ತೇವೆಂದರೆ ಬಸವಯ್ಯನವರು ಮೊದಲೇ ಎಚ್ಚರಿಸುತ್ತಾರೆ: ‘ಕನ್ನಡದ್ದು ಆಕ್ಬ್ಯಾಡಿ, ಕೊರಿಯಾದ್ದು ಆಕಿ. ಅದ್ರಲ್ಲಾದ್ರೆ ನಾನು ಕನ್ನಡ ಮಾತಾಡಿವ್ನಿ.’