ಐರಿಸ್ ಬರೆದ ಡಾಕ್ಟರು

ಬುಧವಾರ ಬೆಳಿಗ್ಗೆ ಕಸದ ಬಿನ್ನನ್ನು ರಸ್ತೆಯಂಚಿಗೆ ತಂದಿಡುವುದು ನಮ್ಮ ಮನೆಯಲ್ಲಿ ನನ್ನ ಪಾಲಿನ ಕೆಲಸ. ಆಸ್ಪತ್ರೆಯಲ್ಲಿ ನನ್ನ ಡಾಕ್ಟರಿಕೆಯ ಪಾಳಿಗಳ ಪಟ್ಟಿ ತಲೆಯಲ್ಲಿ ತುಂಬಿಕೊಂಡು ನಾನದನ್ನು ಮರೆತಾಗಲೆಲ್ಲ, ಪಕ್ಕದ ಮನೆಯ ಎಂಬತ್ತೆಂಟರ ಐರಿಸ್ ತಮ್ಮದರ ಜೊತೆಗೆ ನಮ್ಮದನ್ನೂ ಎಳೆದು ತಂದಿಟ್ಟಿರುತ್ತಿದ್ದರು. ಬರ್ಮಿಂಗ್‌ಹ್ಯಾಮಿನ ಸೆಲ್ಲಿ ಓಕ್‌ನಲ್ಲಿ ಒಂದೇ ಗೋಡೆಯ ಆಚೆಗೆ ಅವರು, ಈಚೆಗೆ ನಾವು. ಇದು ೨೦೧೫ರ ಸುಮಾರಿನ ಮಾತು. ನಾನು ಧಾರವಾಡ ಬಿಟ್ಟು ಬಂದು ಆಗ ಹನ್ನೆರಡು ವರ್ಷ. ಸುಮಂಗಲಾ ಎಂಬ ನನ್ನ ಹೆಸರನ್ನು ಚೀಟಿಯಲ್ಲಿ ಬರೆದುಕೊಂಡು, ಬಿಡಿಸಿ ಬಿಡಿಸಿ ಹೇಳಿ ಕಲಿತ ಮೊದಲ ನೆರೆಯವರು ಅವರು.

ಅವರು ಸಿನಿಮಾ ಬರೆದವರೆಂದು ತಿಳಿದದ್ದು ಬಹಳ ತಡವಾಗಿ. ಮಹಾಯುದ್ಧ ಮುಗಿದ ಮೇಲಿನ ವರ್ಷಗಳಲ್ಲಿ ಲಂಡನ್ನಿಗೆ ಹೋಗಿ ಆರು ಚಿತ್ರಗಳಿಗೆ ಕಥೆ, ಮಾತು ಬರೆದಿದ್ದರಂತೆ. ತೆರೆಯ ಮೇಲೆ ಅವರ ಹೆಸರು ಬರುತ್ತಿದ್ದುದು ಕಣ್ಣು ಮಿಟುಕಿಸಿದರೆ ತಪ್ಪಿಹೋಗುವಷ್ಟು ಹೊತ್ತು. ಮನೆಮನೆಗೆ ಟೀವಿ ಬಂತು, ನಿರ್ಮಾಪಕರು ಕರೆಯುವುದನ್ನು ಬಿಟ್ಟರು, ಐರಿಸ್ ಊರಿಗೆ ಮರಳಿ ನಿವೃತ್ತಿಯವರೆಗೂ ಹುಡುಗಿಯರಿಗೆ ಟೈಪಿಂಗ್ ಕಲಿಸಿದರು. ಎಂಟು ವರ್ಷದ ಬೆಳಕು, ಆಮೇಲೆಲ್ಲ ಸಾದಾ ಹಗಲು.

ಹಳೆಯ ಚಿತ್ರಗಳನ್ನು ತೋರಿಸುತ್ತಿದ್ದ ಬಡಾವಣೆಯ ಲೈಬ್ರರಿಯವರು ಎಲ್ಲಿಂದಲೋ ಅವರದೊಂದು ಚಿತ್ರ ಹುಡುಕಿ, ಅತಿಥಿಯಾಗಿ ಕರೆದರು. ಆಸ್ಪತ್ರೆಯೊಂದರಲ್ಲಿ ನಡೆಯುವ ಹಾಸ್ಯಚಿತ್ರ. ಐರಿಸ್ ಒಲ್ಲೆನೆಂದರು. ಬಿಡದೆ ಒಪ್ಪಿಸಿದವಳು ನಾನು. ನನ್ನ ಗಂಡ ಬಸವರಾಜ್ ನನಗಿಂತ ಉಮೇದಿನಲ್ಲಿದ್ದ. “ನಮ್ಮ ಓಣಿಯೊಳಗ ಸಿನಿಮಾ ಬರದೋರು ಅದಾರಂದ್ರ ಕಮ್ಮಿ ಮಾತೇನು? ನೀ ಕರಕೊಂಡು ಹೋಗು” ಎಂದು ಮಕ್ಕಳನ್ನು ತಾನು ನೋಡಿಕೊಂಡ.

ಚಿತ್ರ ಶುರುವಾಗಿ ಅರ್ಧ ಗಂಟೆಗೆ ಭಾರತದ ಡಾಕ್ಟರೊಬ್ಬ ಬಂದ. ಇಂಗ್ಲಿಷ್ ನಟ, ಮುಖಕ್ಕೆಲ್ಲ ಕಂದು ಬಣ್ಣ, ಸೊಟ್ಟಗೆ ಸುತ್ತಿದ ಮುಂಡಾಸು. ಕಂಡಕಂಡವರಿಗೆ ಕೈ ಮುಗಿಯುತ್ತಾನೆ, ಆದದ್ದಕ್ಕೂ ಆಗದ್ದಕ್ಕೂ ಕ್ಷಮೆ ಕೇಳುತ್ತಾನೆ, ಅವನನ್ನು ನೋಡಿ ರೋಗಿಗಳು ಹಾಸಿಗೆ ಬಿಟ್ಟು ಓಡುತ್ತಾರೆ. ಸಭೆಯಲ್ಲಿ ಯಾರೋ ಇಬ್ಬರು ನಕ್ಕರು, ನನ್ನನ್ನು ಕಂಡು ನಿಲ್ಲಿಸಿದರು. ನಟಿಸುವುದಕ್ಕೆ ನಾವು ಬಣ್ಣ ಹಚ್ಚುವುದು ಎನ್ನುತ್ತೇವಲ್ಲ, ಅಂದು ಆ ಬಣ್ಣವನ್ನು ನನ್ನ ಮುಖಕ್ಕೇ ಯಾರೋ ಮೆತ್ತಿದ ಹಾಗಾಗಿ ಕೆನ್ನೆ ಉರಿಯಿತು.

ಹಿಂದಿರುಗುವಾಗ ನಾನೇ ಅವರಿಗೊಂದು ನೆಪ ಹುಡುಕಿಕೊಟ್ಟೆ: ನೀವು ಬರೆದದ್ದೇ ಒಂದು, ಅವರು ತೆಗೆದದ್ದೇ ಇನ್ನೊಂದು ಇರಬೇಕಲ್ಲವೇ ಎಂದೆ. ಹೌದು ಎಂದಿದ್ದರೆ ಮುಗಿದುಹೋಗುತ್ತಿತ್ತು. ಐರಿಸ್ ನಡೆಯುವುದನ್ನು ನಿಲ್ಲಿಸಿದರು.

“ಇಲ್ಲ ಸುಮಂಗಲಾ. ಅದನ್ನೆಲ್ಲ ಬರೆದವಳು ನಾನೇ.”

ಆಮೇಲೆ ಉಳಿದದ್ದನ್ನೂ ಹೇಳಿದರು. ಆಗ ಅವರ ತಾಯಿಯ ಮನೆಯಲ್ಲಿ ಭಾರತದ ಡಾಕ್ಟರೊಬ್ಬರು ಬಾಡಿಗೆಗೆ ಇದ್ದರಂತೆ. ವಾರ್ಡು, ಔಷಧ, ಶಸ್ತ್ರಚಿಕಿತ್ಸೆ, ಎಲ್ಲವನ್ನೂ ಐರಿಸ್ ಊರಿಗೆ ಬಂದಾಗಲೆಲ್ಲ ಕೇಳಿ ಕಲಿತದ್ದು ಅವರಿಂದಲೇ. ಬರೆದು ಮುಗಿಸಿ, ಹೆಮ್ಮೆಯಿಂದ ಮೊದಲು ಓದಲು ಕೊಟ್ಟದ್ದೂ ಅವರಿಗೇ. ಅವರು ಓದಿ, ಹಾಳೆಗಳನ್ನು ಅಂಚು ಸರಿಮಾಡಿ ಹಿಂದಿರುಗಿಸಿ, ಬಹಳ ಚೆನ್ನಾಗಿದೆ ಎಂದು ಮುಗುಳ್ನಕ್ಕರಂತೆ. ಮುಂದಿನ ವಾರ ಮನೆ ಖಾಲಿ ಮಾಡಿದರು. ಯಾಕೆಂದು ತಮಗೆ ಹೊಳೆಯಲು ಇಪ್ಪತ್ತು ವರ್ಷ ಹಿಡಿಯಿತು ಎಂದರು ಐರಿಸ್.

“ಪರವಾಗಿಲ್ಲ, ಕಾಲವೇ ಹಾಗಿತ್ತು” ಎಂದುಬಿಟ್ಟೆ.

ಹೇಳಿದ ಮರುಕ್ಷಣ ಬೆಚ್ಚಿಬಿದ್ದೆ. ಸಿನಿಮಾ ನೋಡಿ ಆದ ಆಘಾತ ಇದರ ಮುಂದೆ ಏನೂ ಅಲ್ಲ. ಆ ಡಾಕ್ಟರು ಇದೇ ನಯವಾದ ದನಿಯಲ್ಲಿ ಚೆನ್ನಾಗಿದೆ ಎಂದಿರಬೇಕು. ಒಮ್ಮೆ ವಾರ್ಡಿನಲ್ಲಿ ರೋಗಿಯೊಬ್ಬರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಸರಿಯಾದ ಡಾಕ್ಟರನ್ನು ಕಳಿಸಿ ಎಂದಾಗ, ಇದೇ ದನಿಯಲ್ಲಿ ಆಗಲಿ ಎಂದು ನಕ್ಕು ಹೊರಬಂದವಳು ನಾನು. ಅರವತ್ತು ವರ್ಷದಲ್ಲಿ ಕಂದು ಬಣ್ಣ ತೊಳೆದುಹೋಗಿದೆ. ಆ ನಗು ಮಾತ್ರ ಒಬ್ಬರ ಮುಖದಿಂದ ಇನ್ನೊಬ್ಬರ ಮುಖಕ್ಕೆ ದಾಟುತ್ತ ನನ್ನವರೆಗೂ ಬಂದಿದೆ. ಇದಕ್ಕೆ ಯಾರ ಮೇಲೆ ಸಿಟ್ಟಾಗಬೇಕು, ನೀವೇ ಹೇಳಿ.

ಮೂರು ವಾರ ನಾನು ಅವರ ಬಾಗಿಲು ತಟ್ಟಲಿಲ್ಲ. ನಾಲ್ಕನೆಯ ವಾರದ ಒಂದು ಮಧ್ಯಾಹ್ನ ಅವರೇ ಬಂದರು, ಕೈಯಲ್ಲಿ ನಡುಗುವ ಅಕ್ಷರಗಳ ನಾಲ್ಕು ಹಾಳೆ. ಆ ದೃಶ್ಯವನ್ನು ಹೊಸದಾಗಿ ಬರೆದಿದ್ದರು. ಯಾರೂ ಚಿತ್ರ ಮಾಡುವುದಿಲ್ಲ, ಗೊತ್ತು, ನೀವು ಕೇಳಿದರೆ ಸಾಕು ಎಂದು ನಮ್ಮ ಅಡುಗೆಮನೆಯ ಮೇಜಿನ ಮುಂದೆ ಕೂತು ಓದಿದರು. ಈ ಡಾಕ್ಟರು ವಿದ್ವಾಂಸ, ಶಾಂತಮೂರ್ತಿ. ರೋಗಿ ಅವಮಾನಿಸಿದರೆ ಮುಗುಳ್ನಕ್ಕು ಕ್ಷಮಿಸುತ್ತಾನೆ. ಓದಿ ಮುಗಿಸಿ ನನ್ನ ಮುಖ ನೋಡಿದರು. ಬಹಳ ಚೆನ್ನಾಗಿದೆ ಎಂಬ ಮಾತು ನಾಲಿಗೆಯ ತುದಿಗೆ ಬಂದೇಬಿಟ್ಟಿತ್ತು, ನುಂಗಿಕೊಂಡೆ.

“ಐರಿಸ್, ಇವನು ಇನ್ನೂ ನಗ್ತಾನೇ ಇದ್ದಾನೆ. ಇವನಿಗೆ ಸಿಟ್ಟು ಬರಬೇಕು.”

ಅವರು ಹಾಳೆಯನ್ನು ತಮ್ಮತ್ತ ಎಳೆದುಕೊಂಡರು. ಮತ್ತೆ ಪೆನ್ನಿನ ಮುಚ್ಚಳ ತೆಗೆದರು.

“ಸಿಟ್ಟು ಬಂದರೆ ಏನು ಹೇಳ್ತಾನೆ?”

ವಾರ್ಡಿನಲ್ಲಿ ಅಂದು ಆಡದೆ ಉಳಿದ ಉತ್ತರ ಮೊದಲು ಧಾರವಾಡದ ಕನ್ನಡದಲ್ಲೇ ಬಂತು: “ನಾನೇ ನಿಮ್ಮ ಡಾಕ್ಟರ್. ಬ್ಯಾರೆ ಯಾರೂ ಬರೂದಿಲ್ಲ.” ಆಮೇಲೆ ಅದನ್ನೇ ಇಂಗ್ಲಿಷಿನಲ್ಲಿ ಹೇಳಿದೆ, ದನಿ ತಗ್ಗಿಸದೆ. ಐರಿಸ್ ತಲೆಯೆತ್ತಲಿಲ್ಲ, ಬರೆಯುತ್ತಲೇ ಇದ್ದರು.