ಮಲ್ಲಣ್ಣ ಬರೆದದ್ದು, ನಾನು ಸಹಿ ಹಾಕಿದ್ದು

ನಾಲ್ಕು ಸಿನಿಮಾಗಳಲ್ಲಿ ‘ಕಥೆ, ಚಿತ್ರಕಥೆ’ ಎಂದು ನನ್ನ ಹೆಸರಿದೆ. ಅವುಗಳಲ್ಲಿ ಒಂದನ್ನೂ ನಾನು ಬರೆದಿಲ್ಲ. ಬರೆದವನು ಯಡ್ರಾವದ ಮಲ್ಲಪ್ಪ — ಪವರ್‌ಲೂಮ್ ನಡೆಸುವವನು, ನಾನು ಅಣ್ಣಾ ಎಂದು ಕರೆಯುವವನು.

ಇಚಲಕರಂಜಿಯಲ್ಲಿ ನಮ್ಮಪ್ಪನೂ ಅವನೂ ಒಂದೇ ಶೆಡ್ಡಿನಲ್ಲಿ ದುಡಿದವರು. ನಮ್ಮ ಮನೆತನದಲ್ಲಿ ಮೊದಲು ಪದವಿ ಪಡೆದವಳು ನಾನು. ಆ ಹೆಮ್ಮೆ ಇಂದಿಗೂ ಇದೆ, ಮುಚ್ಚಿಡುವುದಿಲ್ಲ. ಮಲ್ಲಣ್ಣ ಏಳನೆಯ ಇಯತ್ತೆಗೆ ಶಾಲೆ ಬಿಟ್ಟವನು. ಕೂಲಿ ಹೆಚ್ಚಿಸಿ ಎಂದು ಒಂದು ಬೀದಿನಾಟಕ ಬರೆದ. ಅದರಲ್ಲಿ ಊರಿನ ನಾಯಕರೊಬ್ಬರಿಗೆ ತಮ್ಮ ಮುಖ ಕಂಡಿತು. ನಾಟಕ ನಿಂತಿತು, ಅವನ ಮೇಲೆ ಕೇಸಾಯಿತು, ಅವನು ಕಥೆ ಕೊಡಬೇಕೆಂದಿದ್ದ ಕೊಲ್ಹಾಪುರದ ಮರಾಠಿ ಸಿನಿಮಾದವರಿಗೂ ಮಾತು ಹೋಯಿತು — ಇವನ ಹೆಸರು ಪರದೆಯ ಮೇಲೆ ಬರಕೂಡದು.

ಆಗ ನಾವಿಬ್ಬರೂ ಒಂದು ದಾರಿ ಮಾಡಿಕೊಂಡೆವು. ಅವನು ಕನ್ನಡದಲ್ಲಿ ಬರೆಯುವುದು, ನಾನು ಅದನ್ನು ಮರಾಠಿ ಮಾಡಿ ನನ್ನ ಹೆಸರಲ್ಲಿ ಕೊಡುವುದು. ಅವನ ಕೈಬರಹ ಯಾರಿಗಾದರೂ ಸಿಕ್ಕರೆ ಕಷ್ಟ. ಅದಕ್ಕೇ, ಅವನು ಹೇಳಿದಂತೆ, ಮರಾಠಿ ಮಾಡಿ ಮುಗಿದ ಮೇಲೆ ಅವನ ಹಾಳೆಗಳನ್ನು ಒಲೆಗೆ ಹಾಕುತ್ತಿದ್ದೆ. ಕೇಸು ಮುಗಿಯುವ ತನಕ — ಮಾತು ಅಷ್ಟೇ ಇತ್ತು.

ಕೇಸು ಮುಗಿಯಿತು. ನಾಯಕರೂ ಚುನಾವಣೆ ಸೋತು ಮನೆ ಸೇರಿದ್ದರು. ನಾಲ್ಕನೆಯ ಕಥೆಯ ಹಾಳೆಗಳನ್ನು ಕೊಡುತ್ತ ಮಲ್ಲಣ್ಣ ಹೇಳಿದ: “ಈ ಸಲ ನನ್ನ ಹೆಸರೂ ಹಾಕಸು, ತಂಗಿ. ನಿನ್ನ ಹೆಸರಿನ ಕೆಳಗ ಸಣ್ಣದಾಗಿ ಇದ್ರೂ ಆತು.”

ಹೂಂ ಎಂದೆ. ಮರಾಠಿ ಮುಗಿದ ಮೇಲೆ, ಕಥೆ ಒಪ್ಪಿಸಲು ಗಡಹಿಂಗ್ಲಜದ ನಿರ್ಮಾಪಕರ ಮನೆಗೆ ಇಬ್ಬರೂ ಹೋದೆವು. ಅವರು ಕನ್ನಡದಲ್ಲೇ ಕೇಳಿದರು: “ಬಾಯಾರ, ಇವರ್ಯಾರ್ರಿ?”

ಎಂ.ಎ. ಮಾಡಿದವಳು ನಾನು, ಸನ್ಮಾನದ ಶಾಲು ಹೊದ್ದವಳು ನಾನು...

“ನನ್ನ ಬರವಣಿಗಿ ಕಾಪಿ ಮಾಡಿ ಕೊಡ್ತಾರ್ರಿ,” ಎಂದೆ.

ಮಲ್ಲಣ್ಣ ನನ್ನತ್ತ ನೋಡಲಿಲ್ಲ. “ಹೌದ್ರಿ ಸಾಹೇಬ್ರ,” ಎಂದ. “ಬಾಯಾರ ಅಕ್ಷರ ಕೋಳಿ ಕೆದರಿದಂಗ ಇರ್ತಾವ. ನಾ ಬರದ್ರನ ಓದಾಕ ಬರೂದು.”

ಅದುವರೆಗೆ ತಂಗಿ ಎನ್ನುತ್ತಿದ್ದ ಅವನು ನನ್ನನ್ನು ಎಂದೂ ಬಾಯಾರ, ಮೇಡಂ ಅಂತ ಕರೆದಿರಲಿಲ್ಲ. ನಿರ್ಮಾಪಕರು ನಕ್ಕರು. ನಾನೂ ನಕ್ಕೆ.

ಅದಾಗಿ ಮೂರು ವರ್ಷ. ಅವನು ಮತ್ತೆ ಒಂದು ಹಾಳೆಯನ್ನೂ ಕೊಟ್ಟಿಲ್ಲ. ಐದನೆಯ ಸಿನಿಮಾ ಬರೆದುಕೊಡುತ್ತೇನೆಂದು ನಾನು ಒಪ್ಪಿಬಿಟ್ಟಿದ್ದೇನೆ. ದಿನಾ ಬೆಳಿಗ್ಗೆ ಕೂರುತ್ತೇನೆ; ನನ್ನ ಪಾತ್ರಗಳು ಪರೀಕ್ಷೆಯ ಉತ್ತರ ಒಪ್ಪಿಸಿದ ಹಾಗೆ ಮಾತಾಡುತ್ತವೆ. ಬರೆಯಲು ಬರುವುದಿಲ್ಲ ಎನ್ನುವಂತಿಲ್ಲ — ನಾಲ್ಕು ಬರೆದವಳಲ್ಲವೇ...

ಇನ್ನೂ ಒಂದಿದೆ. ಗಡಹಿಂಗ್ಲಜದಲ್ಲಿ ಆಡಿದ್ದು ಬಾಯಿ ತಪ್ಪಿ ಬಂದ ಮಾತಲ್ಲ. ಹಿಂದಿನ ದಿನವೇ ಆ ನಾಲ್ಕನೆಯ ಕಥೆಯ ಹಾಳೆಗಳನ್ನೂ ಒಲೆಗೆ ಹಾಕಿದ್ದೆ. ಆಗ ಯಾವ ಕೇಸೂ ಇರಲಿಲ್ಲ. ಸುಡು ಎಂದು ಅವನು ಹೇಳಿಯೂ ಇರಲಿಲ್ಲ.

ಇದನ್ನೆಲ್ಲ ಬರೆದು ನಿರ್ಮಾಪಕರಿಗೆ ಕಳಿಸಿದ್ದೇನೆ, ಉತ್ತರ ಬಂದಿಲ್ಲ. ನಿನ್ನೆ ಯಡ್ರಾವಕ್ಕೆ ಹೋಗಿದ್ದೆ. “ಮನ್ಯಾಗಿಲ್ಲ,” ಎಂದರು ಅವನ ಹೆಂಡತಿ, ನಮ್ಮ ವೈನಿ. ಅವನ ಚಪ್ಪಲಿ ಬಾಗಿಲಲ್ಲೇ ಇದ್ದವು. ಕಟ್ಟೆಯ ಮೇಲೆ ಸ್ವಲ್ಪ ಹೊತ್ತು ಕೂತು ಎದ್ದು ಬಂದೆ. ನಾಳೆಯೂ ಹೋಗುತ್ತೇನೆ.