ಬ್ರಾಂದಿಯ ಚಿಗಳಿ

1929ರಲ್ಲಿ ನಾನು ಓದು ಬಿಟ್ಟೆ, ಐದನೇ ಕ್ಲಾಸಿನ ನಡುವೆ. ಅಪ್ಪ ತೀರಿಕೊಂಡಿದ್ದ. ಆದೋನಿಯ ಹತ್ತಿ ಜಿನ್ನಿನಲ್ಲಿ ಯಂತ್ರಕ್ಕೆ ಎಣ್ಣೆ ಬಿಡುವ ಕೆಲಸ ಖಾಲಿ ಇತ್ತು. ಮನೆಯಲ್ಲಿ ಅವ್ವ ಮತ್ತು ಎಂಟು ವರ್ಷದ ತಂಗಿ. ವಿಚಾರ ಮಾಡುವಂಥದ್ದೇನೂ ಇರಲಿಲ್ಲ. ಮಾಸ್ತರರು ಮನೆತನಕ ಬಂದು, "ಹುಡುಗ ಚುರುಕದಾನ, ಬಿಡಿಸಬ್ಯಾಡ್ರಿ ತಾಯಿ" ಅಂದರು. ಅವರಿಗೆ ಕುಡಿಯಲು ನೀರು ಕೊಟ್ಟು ಕಳಿಸಿದವನು ನಾನೇ. ಅವತ್ತಿನಿಂದ ಯಾರ ಮುಂದೂ ಕೈ ಒಡ್ಡಿಲ್ಲ. ಎಣ್ಣೆ ಬಿಡುತ್ತಿದ್ದವನು ಫಿಟ್ಟರ್ ಆದೆ. ತಂಗಿಯನ್ನು ಕೋಸಗಿಯ ಒಳ್ಳೆ ಹೊಲಮನೆ ಇರುವವರಿಗೆ ಕೊಟ್ಟು ಮದುವೆ ಮಾಡಿದೆ. ಹಂದರದ ಖರ್ಚೂ ನನ್ನದೇ.

ನಮ್ಮ ಕಡೆ ಪಂಚಮಿ ಅಂದರೆ ಹೆಣ್ಣುಮಕ್ಕಳ ಹಬ್ಬ. ಅಣ್ಣ ಹೋಗಿ ಕರೆತರಬೇಕು, ತಂಗಿ ತವರಿನ ನಾಗರಕಲ್ಲಿಗೆ ಹಾಲೆರೆಯಬೇಕು. ಯುದ್ಧ ಸುರುವಾಗುವ ಹಿಂದಿನ ವರ್ಷ ಕೋಸಗಿಯಿಂದ ಹಬ್ಬಕ್ಕೆ ತಿಂಗಳು ಮೊದಲೇ ಹೇಳಿಕಳಿಸಿದರು, ಈ ಸಲ ಜಲ್ದಿ ಕರಕೊಂಡು ಹೋಗ್ರಿ ಅಂತ. ಹೋದೆ. ಪಡಸಾಲೆಯಲ್ಲಿ ಆಕೆಯ ಟ್ರಂಕು ಕಟ್ಟಿಟ್ಟಿತ್ತು. ಮದುವೆಗೆ ನಾವು ಕೊಟ್ಟ ಹಿತ್ತಾಳೆ ಪಾತ್ರೆಗಳೂ ಚೀಲದಲ್ಲಿದ್ದವು. ಬೀಗರು ನನ್ನ ಮುಖ ನೋಡಲಿಲ್ಲ. ತಂಗಿ ಒಳಗಿನಿಂದ ಗೋಡೆ ಹಿಡಿದುಕೊಂಡು ಬಂದಳು. ಸೆರಗಿನಲ್ಲಿ ಬಾಯಿ ಮುಚ್ಚಿ ಕೆಮ್ಮಿದಳು.

ರೈಲಿನಲ್ಲಿ ಕೇಳಿದಳು: "ಅಣ್ಣ, ಪಂಚಮಿಗಿ ಕೊಡ, ಕೊಪ್ಪರಿಗಿ ಎಲ್ಲಾ ಬೇಕೇನು?"

"ತೊಳದು ಬೆಳಗಿ ಕಳಸೋಣಂತ," ಅಂದೆ.

"ಹೌದೌದು. ಕೋಸಗ್ಯಾಗ ಹುಣಸಿಹಣ್ಣಿಗಿ ಬರ ಬಂದೈತಿ," ಅಂದು ನಕ್ಕು ಕಿಟಕಿ ಕಡೆ ತಿರುಗಿದಳು.

ಡಾಕ್ಟರು ಎದೆಗೆ ನಳಿಗೆ ಹಚ್ಚಿ ಬಹಳ ಹೊತ್ತು ಕೇಳಿ, ನನ್ನನ್ನು ಹೊರಗೆ ಕರೆದರು. ಕ್ಷಯ, ಎರಡೂ ಕಡೆ ಹಬ್ಬಿದೆ, ದೂರದ ಆಸ್ಪತ್ರೆಗೆ ಕಳಿಸುವ ಕಾಲ ದಾಟಿದೆ ಅಂದರು. ಹಾಲು ಕೊಡಿ, ಮೊಟ್ಟೆ ಕೊಡಿ, ಬೆಳಿಗ್ಗೆ ಸಂಜೆ ಒಂದೊಂದು ಚಮಚೆ ಬ್ರಾಂದಿ ಕೊಡಿ, ನಿದ್ದೆಯಾದರೂ ಬರುತ್ತದೆ. ನಮ್ಮದು ಲಿಂಗ ಕಟ್ಟಿದ ಮನೆ. ಮೊಟ್ಟೆಯ ಮಾತೇ ಇಲ್ಲ. ಬ್ರಾಂದಿ ಔಷಧ ಅಂತ ಅವ್ವನನ್ನು ಹೇಗೋ ಒಪ್ಪಿಸಿದೆ. ತಂಗಿ ಮಾತ್ರ ಹಲ್ಲು ಕಚ್ಚಿದಳು. ಚಮಚೆ ತುಟಿಗೆ ತಾಗಿದರೆ ಸಾಕು, ಹೊಟ್ಟೆಯಲ್ಲಿದ್ದ ಗಂಜಿಯೂ ಹೊರಗೆ ಬರುತ್ತಿತ್ತು. "ಎದಿ ಮ್ಯಾಲ ಲಿಂಗ ಇಟಗೊಂಡು ಹೆಂಡ ಕುಡೀಲ್ಯಾ? ನೀ ಕುಡೀತೀಯಾ?" ಅನ್ನುವಳು.

ಆಗ ನೆನಪಾಗಿದ್ದು ಬಂಗಲೆಯ ಬಟ್ಲರ್. ಜಿನ್ನಿನ ಎಂಜಿನಿಯರ್ ದೊರೆಯ ಬಂಗಲೆಯಲ್ಲಿ ಒಂದು ಕ್ರಿಸ್ಮಸ್ಸಿಗೆ ಕಬ್ಬಿಣದ ಒಲೆ ಬಿರುಕು ಬಿಟ್ಟು, ರಿಪೇರಿಗೆ ನನ್ನನ್ನು ಕರೆಸಿದ್ದರು. ಕೇಕು ಸುಡಲು ಒಲೆ ಇಲ್ಲ, ಹಬ್ಬ ನಾಳೆ. ಬಟ್ಲರು ಗಾಬರಿಯಾಗಿರಲಿಲ್ಲ. ಬಿಸ್ಕೀಟು ಪುಡಿ ಮಾಡಿ, ರಮ್ಮಿನಲ್ಲಿ ನೆನೆಹಾಕಿದ ದ್ರಾಕ್ಷಿ ಹಾಕಿ, ಮತ್ತಷ್ಟು ರಮ್ಮು ಸುರಿದು ನಾದಿ, ಉಂಡೆ ಕಟ್ಟಿ ಸಕ್ಕರೆಯಲ್ಲಿ ಹೊರಳಿಸುತ್ತಿದ್ದ.

"ಒಲೀನ ಬ್ಯಾಡೇನು ಇದಕ್ಕ?" ಅಂತ ಕೇಳಿದ್ದೆ.

"ಒಲಿ ಕಂಡರ ಅದರ ಜೀವ ಹಾರಿಹೋಗ್ತೈತಯ್ಯಾ," ಅಂದ. "ಇದು ತಿನ್ನೋ ತಿಂಡಿ, ಕುಡಿಯೋದಲ್ಲ. ಪಾದ್ರಿ ಸೈತ ನಾಕು ತಿಂತಾನ." ನನ್ನ ಕಡೆ ಒಂದು ಉಂಡೆ ಚಾಚಿ, ಕೊರಳ ದಾರ ನೋಡಿ, ಕೈ ಹಿಂದಕ್ಕೆ ತೆಗೆದುಕೊಂಡು ತಾನೇ ಬಾಯಿಗೆ ಹಾಕಿಕೊಂಡಿದ್ದ.

ನಮ್ಮ ಪಂಚಮಿಯೂ ಹಾಗೇ ಅಲ್ಲವೇ. ಅವತ್ತು ಒಲೆಯ ಮೇಲೆ ಹಂಚು ಇಡುವಂತಿಲ್ಲ, ಕರಿಯುವಂತಿಲ್ಲ. ನಾಗಪ್ಪನಿಗೆ ಬಿಸಿ ತಾಗುತ್ತದೆ ಅಂತ. ಎಳ್ಳು ಬೆಲ್ಲ ಕುಟ್ಟಿ ಚಿಗಳಿ, ಹಿಟ್ಟಿನ ತಂಬಿಟ್ಟು, ಇವೇ ಹಬ್ಬದ ತಿಂಡಿ. ತಂಗಿಗೆ ಚಿಗಳಿ ಅಂದರೆ ಪ್ರಾಣ. ಕುಡಿಯದವಳು ತಿನ್ನಬಹುದು ಅಂದುಕೊಂಡೆ.

ಬ್ರಾಂದಿ ಅಂಗಡಿ ಸ್ಟೇಷನ್ನಿನ ಹತ್ತಿರ. ಮೊದಲನೇ ಸೀಸೆ ಡಾಕ್ಟರ ಕಾಂಪೌಂಡರೇ ತಂದುಕೊಟ್ಟಿದ್ದ. ಎರಡನೆಯದಕ್ಕೆ ನಾನೇ ಹೋದೆ, ನಡುಹಗಲು, ವಿಭೂತಿ ಹಚ್ಚಿಕೊಂಡೇ. ಒಳಗೆ ಕುಳಿತಿದ್ದ ನಮ್ಮ ಜಿನ್ನಿನವನೊಬ್ಬ ಕೂಗಿದ: "ಏನಲೇ ಲಿಂಗವಂತ, ನಿಮ್ಮಂಥವರಿಗಿ ಹಿಂದ ಬಾಗಿಲ ಐತಿ!"

"ಹಿಂದಿನ ಬಾಗಿಲ ಕದ್ದು ಕುಡಿಯೋರಿಗಿ," ಅಂದೆ. "ನಾ ಔಷಧಕ್ಕ ಬಂದೀನಿ."

"ನಂದೂ ಔಷಧಾನ," ಅಂದ ಅವನು. ಎಲ್ಲರೂ ನಕ್ಕರು. ನಾನು ಸೀಸೆಯನ್ನು ಕೈಯಲ್ಲಿ ಹಿಡಿದೇ ಬಜಾರದ ನಡುವೆ ನಡೆದು ಬಂದೆ. ಟವೆಲ್ಲಿನಲ್ಲಿ ಮುಚ್ಚಲಿಲ್ಲ.

ಅವ್ವ ಕೇಳಿ ತಲೆ ಚಚ್ಚಿಕೊಂಡಳು. ಮನೆಯೊಳಗಿನ ಒರಳು ಮುಟ್ಟಬೇಡ, ದನದ ಹಕ್ಕೆಯ ಹತ್ತಿರ ಹಳೇ ಒರಳೈತಿ, ಅಲ್ಲಿ ಏನಾದರೂ ಮಾಡಿಕೋ ಅಂದಳು. ಅಲ್ಲೇ ಕುಟ್ಟಿದೆ. ಗಂಡಸು ಒನಕೆ ಹಿಡಿದದ್ದು ನೋಡಿ ಓಣಿಯ ಹೆಂಗಸರು ನಿಂತು ನಕ್ಕು ಹೋದರು. ಮೊದಲ ಸಲ ಕೆಟ್ಟಿತು. ಎಳ್ಳು ಕುಟ್ಟಿದಷ್ಟೂ ಎಣ್ಣೆ ಬಿಡುತ್ತದೆ, ಬ್ರಾಂದಿ ಆ ಎಣ್ಣೆಗೆ ಹೊಂದದೆ ಬೇರೆಯೇ ನಿಂತಿತು, ಉಂಡೆ ಕಟ್ಟಲಿಲ್ಲ. ಮಾರನೇ ದಿನ ಬಟ್ಲರನ ಹಾಗೆ ದ್ರಾಕ್ಷಿಯನ್ನು ಬ್ರಾಂದಿಯಲ್ಲಿ ನೆನೆಹಾಕಿ, ಪುಟಾಣಿ ಹಿಟ್ಟು ಸೇರಿಸಿದೆ. ಹಿಟ್ಟು ಕುಡಿಯಿತು, ತಂಗಿ ಕುಡಿಯಬೇಕಾಗಲಿಲ್ಲ. ಉಂಡೆಗಳು ಕರ್ರಗೆ, ಗಟ್ಟಿಯಾಗಿ ಬಂದವು. ನೋಡಿದರೆ ಅವ್ವನ ಚಿಗಳಿಯೇ.

ತಂಗಿಗೆ ಏನನ್ನೂ ಮುಚ್ಚಿಡಲಿಲ್ಲ. ಹೇಳಿಯೇ ಕೊಟ್ಟೆ. ಮೂಸಿ ನೋಡಿದಳು.

"ಅಣ್ಣ, ಇದು ಚಿಗಳಿಯೋ, ನಿಮ್ಮ ಎಂಜಿನ್ನಿನ ಎಣ್ಣಿ ಬತ್ತಿಯೋ?"

"ತಿಂದು ಹೇಳು."

"ಇದು ಕುಡದಂಗಲ್ಲ?"

"ಅಗದು ನುಂಗೂದನ್ನ ಯಾರವ್ವಾ ಕುಡಿಯೂದು ಅಂತಾರ?"

ಅವ್ವನ ಕಡೆ ನೋಡಿದಳು. ಅವ್ವ ಗೋಡೆ ಕಡೆ ತಿರುಗಿ, "ಔಷಧಕ್ಕ ಮೈಲಿಗಿ ಇಲ್ಲ, ತಿನ್ನು," ಅಂದಳು. ತಿಂದಳು. ಉಳಿಸಿಕೊಂಡಳು. ಆ ರಾತ್ರಿ ಮಲಗಿದವಳು ಬೆಳಕು ಹರಿದ ಮೇಲೆ ಎದ್ದಳು. ಬೆಳಿಗ್ಗೆ ಒಂದು, ಸಂಜೆ ಒಂದು, ಪಂಚಮಿ ಬರುವತನಕ ನಡೆಯಿತು. ಗಂಜಿ ಬೇಕು ಅಂತ ಬಾಯಿಬಿಟ್ಟು ಕೇಳಿದಳು. ಗಲ್ಲಕ್ಕೆ ಸ್ವಲ್ಪ ಕೆಂಪು ಬಂತು. ಅದು ಜ್ವರದ ಕೆಂಪು ಅಂತ ಈಗ ಗೊತ್ತು. ಆಗ ನಾನು ಜಿನ್ನಿಗೆ ಹಾಡಿಕೊಂಡು ಹೋಗುತ್ತಿದ್ದೆ.

ಪಂಚಮಿ ಬಂತು. ಹಬ್ಬದ ಚಿಗಳಿಯನ್ನು ಅವ್ವ ಒಳಗಿನ ಒರಳಿನಲ್ಲಿ ಕುಟ್ಟಿ ಹಿತ್ತಾಳೆ ಡಬ್ಬಿಯಲ್ಲಿಟ್ಟಿದ್ದಳು. ನನ್ನದು ಕಿಟಕಿಯ ಹತ್ತಿರ ಮಣ್ಣಿನ ಕುಡಿಕೆಯಲ್ಲಿರುತ್ತಿತ್ತು. ತಂಗಿಗೆ ನಡೆಯುವ ಶಕ್ತಿ ಇಲ್ಲ, ಹಾಲು ನಾನೇ ಎರೆಯುತ್ತೇನೆ ಅಂತ ಅವ್ವ ಅಂದಿದ್ದಳು. ಆದರೆ ನಾವಿಬ್ಬರೂ ಹಿತ್ತಲಲ್ಲಿ ನೀರು ಸೇದುತ್ತಿದ್ದಾಗ ಆಕೆ ತಾನೇ ಸ್ನಾನ ಮಾಡಿ, ಹಾಲಿನ ಬಟ್ಟಲು ತೆಗೆದುಕೊಂಡು, ಕೈಗೆ ಸಿಕ್ಕ ಕುಡಿಕೆಯಿಂದ ಎರಡು ಚಿಗಳಿ ಹಿಡಿದು, ಓಣಿ ಕೊನೆಯ ಬೇವಿನ ಬುಡದ ನಾಗರಕಲ್ಲಿಗೆ ಹೋಗಿಬಿಟ್ಟಿದ್ದಳು. ಹಬ್ಬದ ದಿನ ನಾಗಪ್ಪನಿಗೆ ಮೊದಲು ಕೊಡದೆ ಯಾವ ಚಿಗಳಿಯನ್ನೂ ಬಾಯಿಗೆ ಹಾಕಿದವಳಲ್ಲ. ಮಡಿಯುಟ್ಟ ಮೈ, ಉರಿಜ್ವರ, ಆಕೆಗೆ ಎಲ್ಲ ಉಂಡೆಯೂ ಚಿಗಳಿಯೇ.

ಹುಡುಕಿಕೊಂಡು ಓಡಿದೆ. ಬುಡದಲ್ಲಿ ಕೂತಿದ್ದಳು. ಕಲ್ಲಿನ ಮೇಲೆ ಹಾಲು ಹರಿದಿತ್ತು, ನಾಗನ ಹೆಡೆಯ ಮುಂದೆ ಎರಡು ಉಂಡೆ. ಅಂಗೈ ಮೂಗಿಗೆ ಹಿಡಿದುಕೊಂಡಿದ್ದಳು.

"ಅಣ್ಣ, ನಾ ಏನ್ ಮಾಡಿದೆ," ಅಂದಳು.

"ಏನೂ ಮಾಡಿಲ್ಲ, ಏಳು."

"ಒಂದು ದೇವರ ಪಾಲು ಅಂದೆ. ಇನ್ನೊಂದು..." ಅಂದು ನಿಲ್ಲಿಸಿದಳು. ನನಗೆ ಗೊತ್ತಿತ್ತು. ನಮ್ಮ ಹೆಣ್ಣುಮಕ್ಕಳು ಹಾಲೆರೆಯುವಾಗ ಒಬ್ಬೊಬ್ಬರ ಪಾಲು ಹೇಳುತ್ತಾರೆ. ದೇವರಾದ ಮೇಲೆ ಅಣ್ಣನದು. ಅಣ್ಣನ ಪಾಲೆಂದು ನಾಗಪ್ಪನ ಬಾಯಿಗೆ ಹೆಂಡ ಇಟ್ಟುಬಿಟ್ಟೆ ಅಂತ ಆಕೆಗೆ ಆಗಿತ್ತು. ಅದರ ಸಿಟ್ಟು ಯಾರ ಮೇಲೆ ಬರುತ್ತದೆ?

ಎತ್ತಿಕೊಂಡು ಮನೆಗೆ ತಂದೆ. ಎಂಟು ವರ್ಷದವಳಿದ್ದಾಗ ಇದಕ್ಕಿಂತ ಭಾರವಿದ್ದಳು.

ಸಂಜೆ ಕುಡಿಕೆ ಹಿಡಿದು ಹತ್ತಿರ ಕೂತೆ. ಬಾಯಿ ತೆರೆಯಲಿಲ್ಲ.

"ಔಷಧ ಅಂತ ನಾಗಪ್ಪಗ ಗೊತ್ತಿಲ್ಲೇನು?" ಅಂದೆ.

"ಗೊತ್ತಿದ್ದರ ಛಲೋನ ಆತು. ಗೊತ್ತಿರಲಿಕ್ಕರ?"

"ನನಗೇನ ಆಗತೈತಿ? ನೋಡು, ಕಲ್ಲಿನಂಗ ಅದೀನಿ."

"ಹಂಗ ಇರು, ಅಷ್ಟ ಸಾಕು. ನಾ ಅದನ್ನ ಬಿಟ್ಟೀನಿ, ನೀ ಅಣ್ಣಗ ಏನೂ ಮಾಡಬ್ಯಾಡ ಅಂತ ಮಾತು ಕೊಟ್ಟು ಬಂದೀನಿ."

"ಯಾರಿಗಿ?"

"ನಾಗಪ್ಪಗ."

ಬೈದೆ. ಕಾಲು ಹಿಡಿಯುತ್ತೇನೆ ಅಂದೆ. ಯಾರ ಮುಂದೂ ಕೈ ಒಡ್ಡದವನು ಆಕೆಯ ಮುಂದೆ ಒಂದು ಚಿಗಳಿ ಹಿಡಿದುಕೊಂಡು ಕೈ ಒಡ್ಡಿ ಕೂತಿದ್ದೆ. ಅವ್ವ ನಾಗರಕಲ್ಲು ತೊಳೆದಳು, ತಪ್ಪುಕಾಣಿಕೆ ಇಟ್ಟಳು, ಅಯ್ಯನವರನ್ನು ಕರೆಸಿ ದೋಷವಿಲ್ಲ ಅಂತ ಹೇಳಿಸಿದಳು. ತಂಗಿ ಅಯ್ಯನವರ ಪಾದಕ್ಕೆ ಕೈ ಮುಗಿದು, ಎಲ್ಲ ಕೇಳಿ, ಅವರು ಹೋದ ಮೇಲೆ ನನಗಂದಳು: "ಅವರಿಗಿ ತಂಗಿ ಇಲ್ಲ ಅಂತ ಕಾಣತೈತಿ."

ನಿದ್ದೆ ಹೋಯಿತು. ಗಂಜಿ ಕೇಳುವುದನ್ನೂ ಬಿಟ್ಟಳು. ಬ್ರಾಂದಿ ಉಳಿಸುತ್ತಿತ್ತು ಅಂತ ನಾನು ಹೇಳುವುದಿಲ್ಲ. ಡಾಕ್ಟರೂ ಹಾಗೆ ಹೇಳಿರಲಿಲ್ಲ. ನಿದ್ದೆಯಾದರೂ ಬರುತ್ತಿತ್ತು, ಅಷ್ಟೇ. ಅದನ್ನೂ ನನ್ನ ಹೆಸರಿಗೆ ಬಿಟ್ಟುಕೊಟ್ಟಳು. ಮಹಾನವಮಿಗೆ ಮೊದಲೇ ಹೋದಳು. ಕೋಸಗಿಯವರು ಮಣ್ಣಿಗೆ ಬಂದು, ಊಟ ಮಾಡದೆ ಸಂಜೆಯ ರೈಲಿಗೆ ಹೋದರು. ಪಾತ್ರೆಗಳ ಸುದ್ದಿ ಎತ್ತಲಿಲ್ಲ.

ಮತ್ತೆ ನನಗೇನೂ ಆಗಲಿಲ್ಲ. ಜಿನ್ನಿನ ಪಟ್ಟಿ ಹರಿದು ಪಕ್ಕದವನ ಕೈ ಮುರಿಯಿತು, ನನಗೆ ಗೀರೂ ಬೀಳಲಿಲ್ಲ. ಊರಿಗೆ ಕಾಲರಾ ಬಂದು ಹೋಯಿತು. ಅವ್ವ ಹೋದಳು. ಕ್ಷಯದ ಮನೆ ಅಂತ ಹೆಣ್ಣು ಯಾರೂ ಕೊಡಲಿಲ್ಲ, ನಾನೂ ಕೇಳಲು ಹೋಗಲಿಲ್ಲ. ಒಂದು ದಿನವೂ ಮೈಗೆ ಹುಷಾರಿಲ್ಲ ಅಂತ ರಜೆ ಹಾಕಿಲ್ಲ. ಜಿನ್ನಿನವರು ನನ್ನ ಗಟ್ಟಿತನದ ಮಾತಾಡುತ್ತಾರೆ. ಮಾತು ಉಳಿಸಿಕೊಂಡವನು ನಾಗಪ್ಪನೋ, ಏನೋ. ಆ ಮಾತು ನನಗೆ ಬೇಕಿರಲಿಲ್ಲ.

ಈಗ ನನ್ನ ಹತ್ತಿರ ಇರುವುದು ಎರಡು ಅಂಕಣದ ಮನೆ, ಜಿನ್ನಿನ ಕೆಲಸ, ಒಳಗೊಂದು ಹೊರಗೊಂದು ಎರಡು ಒರಳು, ಒಂದು ಟ್ರಂಕು, ಕೋಸಗಿಯಿಂದ ಬಂದ ಆರು ಹಿತ್ತಾಳೆ ಪಾತ್ರೆ. ಪಂಚಮಿಗೆ ಕರೆಯಲು ಹೋಗುವ ಮನೆ, ಒಂದೂ ಇಲ್ಲ.